ಮಿಶೆಲ್ ಬುಕೆ: ಒಬ್ಬ ನಟನ ದೀರ್ಘ ದುಡಿಮೆ

ನಟನೆಂದ ಕೂಡಲೆ ನಮ್ಮ ಕಣ್ಣಿಗೆ ಕಟ್ಟುವುದು ಎತ್ತರದ ನಿಲುವು, ತುಂಬು ತಲೆಗೂದಲು, ಗೋಡೆಯ ಮೇಲೆ ಆಳೆತ್ತರದ ಚಿತ್ರಪಟ. ಈ ಲೇಖನದಲ್ಲಿ ನಾನು ಪರಿಚಯಮಾಡಿಕೊಡಲು ಬಯಸಿರುವ ಫ್ರಾನ್ಸಿನ ನಟರಿಗೆ ಇವು ಯಾವುವೂ ಇರಲಿಲ್ಲ. ಸಾಧಾರಣ ನಿಲುವು, ದುಂಡು ಮುಖ, ಹಿಂದಕ್ಕೆ ಸರಿದ ಕೂದಲು. ಬ್ಯಾಂಕಿನ ಕೌಂಟರಿನ ಹಿಂದೆ ಕೂರಿಸಿದರೆ ಗುಮಾಸ್ತರೆಂದೇ ನಂಬಿ ಚೆಕ್ಕು ಮುಂದಿಡುವಂತಹ ಆಕಾರ. ಆದರೂ ಮಿಶೆಲ್ ಬುಕೆ ಎಂಬ ಈ ಮನುಷ್ಯ ಎಪ್ಪತ್ತು ವರ್ಷಗಳಿಗೂ ಮೀರಿ ರಂಗಭೂಮಿ, ಚಲಚ್ಚಿತ್ರ, ದೂರದರ್ಶನ ಮೂರರಲ್ಲಿಯೂ ದುಡಿದರು. 2022ನೆಯ ಇಸವಿ ಏಪ್ರಿಲ್ 13ರಂದು, ತೊಂಬತ್ತಾರನೆಯ ವಯಸ್ಸಿನಲ್ಲಿ ಅವರು ತೀರಿಕೊಂಡಾಗ ಫ್ರಾನ್ಸ್ ದೇಶವು ಪ್ಯಾರಿಸ್ಸಿನ ಲೆಸ್ ಆಂವಾಲೀದ್ ಭವನದ ಅಂಗಳದಲ್ಲಿ ಅವರಿಗೆ ರಾಷ್ಟ್ರೀಯ ಗೌರವ ಸಲ್ಲಿಸಿತು. ಯೋಧರಿಗೆ ಸಲ್ಲುವ ಸ್ಥಳ ಅದು.

ಇವರ ಹೆಸರಿನ ಅರ್ಥ ಹೂಗುಚ್ಛ. ನಮ್ಮ ಕಾಲೇಜಿನ ಸಮಾರಂಭಗಳಲ್ಲಿ ಅತಿಥಿಗಳ ಕೈಗೆ ಕೊಡುವ 'ಬೊಕೆ'ಯೂ ಇದೇ ಶಬ್ದವೆಂಬುದು ನನಗೆ ತಡವಾಗಿ ಹೊಳೆಯಿತು.

ಇಂಥ ದೂರದ ವಿಷಯವನ್ನು ಏಕೆ ಆರಿಸಿಕೊಂಡೆಯೆಂದು ಸಹಪಾಠಿಗಳು ಕೇಳಬಹುದು. ಕಾರಣ ಎರಡು. ಮೊದಲನೆಯದು, ಕಳೆದ ವರ್ಷ ನಮ್ಮ ಕಾಲೇಜಿನ ನಾಟಕದಲ್ಲಿ ನನಗೆ ಸಿಕ್ಕಿದ್ದು ಮೂರೇ ಮಾತುಗಳ ಆಳಿನ ಪಾತ್ರ. ಅದರಿಂದ ಮನಸ್ಸಿಗೆ ಆದ ಖೇದವನ್ನು ನಾನು ಯಾರಲ್ಲಿಯೂ ಹೇಳಿರಲಿಲ್ಲ. ಎರಡನೆಯದನ್ನು ಬುಕೆಯವರ ಬಾಲ್ಯವನ್ನು ಹೇಳುವಾಗ ತಿಳಿಸುತ್ತೇನೆ.

ಮಿಶೆಲ್ ಬುಕೆ ಹುಟ್ಟಿದ್ದು 1925ರ ನವೆಂಬರ್ 6ರಂದು, ಪ್ಯಾರಿಸ್ಸಿನಲ್ಲಿ. ತಾಯಿ ಹೆಂಗಸರ ಟೋಪಿಗಳನ್ನು ತಯಾರಿಸುವ ಕಸಬಿನವರು. ಏಳನೆಯ ವಯಸ್ಸಿಗೇ ಹುಡುಗನನ್ನು ವಸತಿಶಾಲೆಗೆ ಸೇರಿಸಿದರು. ಅಲ್ಲಿ ಕಳೆದ ಏಳು ವರ್ಷಗಳನ್ನು ಅವರು ಮುದಿವಯಸ್ಸಿನವರೆಗೂ ಕಹಿಯಾಗಿಯೇ ನೆನೆಯುತ್ತಿದ್ದರು. ಮಾತು ಕಡಿಮೆ, ಸಂಕೋಚ ಹೆಚ್ಚು. ತರಗತಿಯ ಹಿಂಭಾಗದಲ್ಲಿ ಗೋಡೆಯ ಕಡೆಗೆ ಮುಖಮಾಡಿ ನಿಲ್ಲುವ ಶಿಕ್ಷೆ ಮತ್ತೆ ಮತ್ತೆ ಅವರ ಪಾಲಿಗೆ ಬರುತ್ತಿತ್ತಂತೆ. ಗೋಡೆಯನ್ನು ನೋಡುತ್ತ ನಿಂತವನಿಗೆ ಕಲ್ಪನೆಯೊಂದೇ ಜೊತೆ. 1940ರಲ್ಲಿ ಜರ್ಮನರು ಫ್ರಾನ್ಸನ್ನು ಗೆದ್ದಾಗ ತಂದೆ ಯುದ್ಧಖೈದಿಯಾದರು. ಹುಡುಗನ ಶಾಲೆ ಅಲ್ಲಿಗೆ ಮುಗಿಯಿತು. ಮಿಠಾಯಿ ಮತ್ತು ರೊಟ್ಟಿ ಬೇಯಿಸುವವರ ಬಳಿ ಉಮೇದುವಾರಿ, ದಂತಪಂಕ್ತಿ ತಯಾರಿಸುವ ಕೆಲಸ, ಸಾಮಾನು ಹೊರುವ ಕೆಲಸ, ಬ್ಯಾಂಕಿನಲ್ಲಿ ಗುಮಾಸ್ತೆ, ಹೀಗೆ ಕೈಗೆ ಸಿಕ್ಕ ಉದ್ಯೋಗವನ್ನೆಲ್ಲ ಮಾಡಿ ಮನೆಗೆ ನೆರವಾದನು.

ನನ್ನ ಎರಡನೆಯ ಕಾರಣ ಇಲ್ಲಿದೆ. ನಮ್ಮ ತಂದೆ ಬೇಕರಿಯ ಭಟ್ಟಿಯ ಮುಂದೆ ಇಪ್ಪತ್ತೆರಡು ವರ್ಷ ನಿಂತವರು. ರಾತ್ರಿ ಎರಡು ಗಂಟೆಗೆ ಎದ್ದು ಹೋಗಿ, ನಾನು ಶಾಲೆಗೆ ಹೊರಡುವ ಹೊತ್ತಿಗೆ ತಲೆಗೂದಲಿನಲ್ಲೆಲ್ಲ ಮೈದಾಹಿಟ್ಟು ತುಂಬಿಕೊಂಡು ಬರುವರು. ನಮ್ಮ ಮನೆಯಲ್ಲಿ ಪದವಿಯ ತರಗತಿಯವರೆಗೆ ಬಂದವನು ನಾನೊಬ್ಬನೇ. ಬುಕೆಯವರ ಕಥೆಯನ್ನು ಒಂದು ರಾತ್ರಿ ಅಪ್ಪನಿಗೆ ಹೇಳಿದೆ. ಕೇಳಿಸಿಕೊಂಡು, "ಹಾಗಾದರೆ ಭಟ್ಟಿ ಬಿಟ್ಟು ಓಡಿಹೋದವನು ಅನ್ನು" ಎಂದರು. ಬೈದರೋ ಮೆಚ್ಚಿದರೋ ನನಗೆ ತಿಳಿಯಲಿಲ್ಲ.

ಆ ಕಾಲದಲ್ಲಿ ಪ್ಯಾರಿಸ್ ಶತ್ರುವಿನ ಕೈಯಲ್ಲಿತ್ತು. ರೊಟ್ಟಿಗೆ ಪಡಿತರ, ರಾತ್ರಿಗೆ ಕರ್ಫ್ಯೂ. ಆದರೆ ನಾಟಕಶಾಲೆಗಳು ತೆರೆದಿದ್ದವು. ತಾಯಿ ಮಗನನ್ನು ನಾಟಕ, ಸಂಗೀತನಾಟಕಗಳಿಗೆ ಕರೆದೊಯ್ಯುತ್ತಿದ್ದರು. ದೀಪ ಆರಿ ತೆರೆ ಏಳುವ ಆ ಕ್ಷಣದಲ್ಲಿ ಹೊರಗಿನ ಯುದ್ಧವೆಲ್ಲ ಇಲ್ಲವಾಗುತ್ತಿತ್ತೆಂದು ಬುಕೆ ಹೇಳಿಕೊಂಡಿದ್ದಾರೆ. 1943ರ ಒಂದು ಭಾನುವಾರ, ಹದಿನೇಳು ವರ್ಷದ ಹುಡುಗ ಯಾರಿಗೂ ತಿಳಿಸದೆ ಕೊಮೆದಿ ಫ್ರಾನ್ಸೇಸ್ ಎಂಬ ರಾಷ್ಟ್ರೀಯ ನಾಟಕಮಂದಿರದ ಪ್ರಸಿದ್ಧ ನಟ ಮೋರಿಸ್ ಎಸ್ಕಾಂದರ ಮನೆಯ ಬಾಗಿಲನ್ನು ತಟ್ಟಿದನು. ಪರಿಚಯವಿಲ್ಲ, ಶಿಫಾರಸು ಪತ್ರವಿಲ್ಲ. 'ಸಿರಾನೊ' ನಾಟಕದಲ್ಲಿ ನಾಯಕನು ತನ್ನ ಉದ್ದ ಮೂಗನ್ನು ತಾನೇ ಬಣ್ಣಿಸಿಕೊಳ್ಳುವ ದೀರ್ಘ ಭಾಷಣವನ್ನು ಒಪ್ಪಿಸಿದನು. ಎಸ್ಕಾಂದ್ ಪೂರ್ತಿ ಕೇಳಿ, ತಾವು ಪಾಠ ಹೇಳುತ್ತಿದ್ದ ಕಡೆಗೆ ಹುಡುಗನನ್ನು ಅಂದೇ ಕರೆದುಕೊಂಡು ಹೋದರು. ತಾಯಿ ಅಡ್ಡ ಬರಲಿಲ್ಲ. ಸ್ವಲ್ಪ ಕಾಲದಲ್ಲಿಯೇ ಪ್ಯಾರಿಸ್ಸಿನ ಕನ್ಸರ್ವತ್ವಾರ್ ಎಂಬ ಸರ್ಕಾರಿ ನಾಟಕ ವಿದ್ಯಾಲಯದಲ್ಲಿ ಪ್ರವೇಶ ದೊರಕಿತು.

ಸರ್ಕಾರಿ ವಿದ್ಯಾಲಯ ಎಂಬ ಮಾತನ್ನು ಬೇಕೆಂದೇ ಬರೆದಿದ್ದೇನೆ. ಅಂಥದೊಂದು ಸಂಸ್ಥೆ ಇಲ್ಲದಿದ್ದರೆ ಟೋಪಿ ಹೊಲಿಯುವವರ ಮಗ ಬಾಗಿಲು ತಟ್ಟಿ ಮಾಡುವುದೇನಿತ್ತು?

ಆ ವಿದ್ಯಾಲಯದಲ್ಲಿ ಇವರೊಂದಿಗಿದ್ದವರು ಜೆರಾರ್ ಫಿಲಿಪ್. ಮುಂದೆ ಇಡೀ ಫ್ರಾನ್ಸಿನ ಕಣ್ಮಣಿಯಾಗಿ, ಮೂವತ್ತಾರಕ್ಕೇ ತೀರಿಕೊಂಡ ಸುಂದರ ನಟ. 1945ರಲ್ಲಿ ಆಲ್ಬೇರ್ ಕಮೂ ಬರೆದ 'ಕಲಿಗುಲ' ನಾಟಕವು ಎಬೆರ್ತೊ ನಾಟಕಶಾಲೆಯಲ್ಲಿ ಮೊದಲ ಬಾರಿಗೆ ಪ್ರದರ್ಶಿತವಾದಾಗ, ಹುಚ್ಚು ಚಕ್ರವರ್ತಿಯ ಪಾತ್ರ ಫಿಲಿಪ್‌ಗೆ. ತನ್ನ ತಂದೆಯನ್ನು ಕೊಲ್ಲಿಸಿದ ಅದೇ ಚಕ್ರವರ್ತಿಯನ್ನು ದ್ವೇಷಿಸಲಾರದೆ ಒದ್ದಾಡುವ ತರುಣ ಕವಿ ಸಿಪಿಯೊನ ಪಾತ್ರ ಬುಕೆಗೆ. ಆಗ ಇವರ ವಯಸ್ಸು ಹತ್ತೊಂಬತ್ತು. ಕಮೂ ಇವರನ್ನು ಮರೆಯಲಿಲ್ಲ. 1949ರ 'ನ್ಯಾಯವಂತರು' ನಾಟಕದಲ್ಲಿ ದಯೆಯೆಂದರೆ ಸಿಡಿಯುವ ಕ್ರಾಂತಿಕಾರಿ ಸ್ತೆಪಾನ್ ಆಗಿ ಬುಕೆ ನಿಂತರು. ಝಾನ್ ಅನೂಯ್ ಎಂಬ ಇನ್ನೊಬ್ಬ ದೊಡ್ಡ ನಾಟಕಕಾರರೂ ಇವರಿಗೆ ಒಂದರ ಮೇಲೊಂದು ಪಾತ್ರ ಕೊಟ್ಟರು. 1947ರಲ್ಲಿ ಚಲಚ್ಚಿತ್ರಕ್ಕೂ ಕಾಲಿಟ್ಟದ್ದಾಯಿತು. 'ಮೊಸ್ಯೂ ವಿನ್ಸೆಂ' ಚಿತ್ರದಲ್ಲಿ ಕ್ಷಯರೋಗಿಯ ಸಣ್ಣ ಪಾತ್ರ. ಮುಂದಿನ ಇಪ್ಪತ್ತು ವರ್ಷ ತೆರೆಯ ಮೇಲೆ ಅವರಿಗೆ ಸಿಕ್ಕಿದ್ದು ಬಹುಪಾಲು ಇಂಥವೇ.

ಆದರೆ ಆ ಇಪ್ಪತ್ತು ವರ್ಷಗಳಲ್ಲಿಯೇ ಅವರು ಮುಖವನ್ನು ತೋರಿಸದೆ ಮಾಡಿದ ಒಂದು ಕೆಲಸವುಂಟು. ಅದನ್ನು ಕುರಿತು ಸ್ವಲ್ಪ ವಿಸ್ತಾರವಾಗಿ ಹೇಳಬೇಕು.

ಅಲೆನ್ ರೆನೆ ಎಂಬ ನಿರ್ದೇಶಕರು ನಾತ್ಸಿಗಳ ಮರಣಶಿಬಿರಗಳನ್ನು ಕುರಿತು 'ಇರುಳು ಮತ್ತು ಮಂಜು' ಎಂಬ ಮೂವತ್ತೆರಡು ನಿಮಿಷಗಳ ಸಾಕ್ಷ್ಯಚಿತ್ರವನ್ನು ತಯಾರಿಸಿದರು. ಅದು 1956ರಲ್ಲಿ ಹೊರಬಂತು. ಹತ್ತು ವರ್ಷಗಳ ಹಿಂದಿನ ಹೆಣಗಳ ರಾಶಿ ಕಪ್ಪು ಬಿಳುಪಿನಲ್ಲಿ. ಅದೇ ಸ್ಥಳದಲ್ಲಿ ಈಗ ಬೆಳೆದಿರುವ ಹಸಿರು ಹುಲ್ಲು ಬಣ್ಣದಲ್ಲಿ. ವ್ಯಾಖ್ಯಾನವನ್ನು ಬರೆದವರು ಝಾನ್ ಕೇರಾಲ್ ಎಂಬ ಕವಿ, ಸ್ವತಃ ಮೌತ್‌ಹೌಸೆನ್ ಶಿಬಿರದಿಂದ ಬದುಕಿ ಬಂದವರು. ಅದನ್ನು ಓದಿದ ಧ್ವನಿ ಮಿಶೆಲ್ ಬುಕೆಯವರದು. ನಾನು ಈ ಚಿತ್ರವನ್ನು ನೋಡುವಾಗ ಧ್ವನಿ ಈಗ ಒಡೆಯುತ್ತದೆ, ಈಗ ಗದ್ಗದವಾಗುತ್ತದೆ ಎಂದು ಕಾಯುತ್ತಲೇ ಇದ್ದೆ. ಆಗಲೇ ಇಲ್ಲ. ಒಂದು ಕಾರ್ಖಾನೆಯ ವರದಿಯನ್ನು ಓದುವವರಂತೆ, ಏರುಪೇರಿಲ್ಲದೆ, ಅದು ಸಾಗುತ್ತದೆ. ಎಲ್ಲಿಯೂ ಅಳದ ಆ ಧ್ವನಿಯಿಂದಾಗಿಯೇ ನೋಡುವವನಿಗೆ ತಲೆ ತಪ್ಪಿಸಿಕೊಳ್ಳಲು ಸ್ಥಳ ಉಳಿಯುವುದಿಲ್ಲ. ಚಿತ್ರದ ಆರಂಭದ ಹೆಸರುಪಟ್ಟಿಯಲ್ಲಿ ಬುಕೆಯವರ ಹೆಸರಿಲ್ಲ. ಮರೆತು ಬಿಟ್ಟದ್ದಲ್ಲ, ಸತ್ತವರ ಮುಂದೆ ತನ್ನ ಹೆಸರು ಬೇಡವೆಂದು ಅವರೇ ಕೇಳಿಕೊಂಡರು. ಈ ಚಿತ್ರಕ್ಕೆ ತೊಂದರೆಗಳು ಕಡಿಮೆಯಾಗಲಿಲ್ಲ. ಫ್ರೆಂಚ್ ಪೊಲೀಸನೊಬ್ಬನು ಶಿಬಿರವನ್ನು ಕಾಯುತ್ತಿದ್ದ ಛಾಯಾಚಿತ್ರದಲ್ಲಿ ಅವನ ಟೋಪಿಯನ್ನು ಮರೆಮಾಡುವಂತೆ ಸೆನ್ಸಾರಿನವರು ಪಟ್ಟುಹಿಡಿದರು. ಪಶ್ಚಿಮ ಜರ್ಮನಿಯ ರಾಯಭಾರ ಕಚೇರಿಯ ಆಕ್ಷೇಪಣೆಯಿಂದ ಕಾನ್ ಚಿತ್ರೋತ್ಸವದ ಸ್ಪರ್ಧೆಯಿಂದ ಅದನ್ನು ಹಿಂತೆಗೆಯಲಾಯಿತು. ಇಂದು ಫ್ರಾನ್ಸಿನ ಶಾಲೆಗಳಲ್ಲಿ ಮಕ್ಕಳು ಅದನ್ನು ನೋಡಿ, ಯಾರದೆಂದು ಅರಿಯದೆ ಆ ಧ್ವನಿಯನ್ನು ಕೇಳುತ್ತಾರೆ.

ತೆರೆಯ ಮೇಲೆ ಬುಕೆಯವರಿಗೆ ನಿಜವಾದ ಸ್ಥಾನ ಸಿಕ್ಕಿದ್ದು ನಲವತ್ತು ದಾಟಿದ ಮೇಲೆ. ತ್ರುಫೊ ನಿರ್ದೇಶಿಸಿದ 'ವಧು ಕಪ್ಪು ಉಟ್ಟಿದ್ದಳು' (1968) ಚಿತ್ರದಲ್ಲಿ ಅವರದು ಕೊರಾಲ್ ಎಂಬ ಒಂಟಿ ಬ್ರಹ್ಮಚಾರಿ. ಮದುವೆಯ ದಿನವೇ ಗಂಡನನ್ನು ಕಳೆದುಕೊಂಡ ಹೆಂಗಸು (ಝಾನ್ ಮೊರೊ ಈ ಪಾತ್ರದಲ್ಲಿದ್ದಾರೆ) ಅದಕ್ಕೆ ಕಾರಣರಾದ ಐವರನ್ನು ಒಬ್ಬೊಬ್ಬರನ್ನಾಗಿ ಕೊಲ್ಲುತ್ತ ಹೋಗುತ್ತಾಳೆ. ಕೊರಾಲ್ ಎರಡನೆಯವನು. ಚಿತ್ರದಲ್ಲಿ ಅವನಿರುವುದು ಕೆಲವೇ ನಿಮಿಷ. ಇಷ್ಟು ಚೆಲುವಾದ ಹೆಂಗಸು ತನ್ನ ಬಡಕೋಣೆಗೆ ಬರುತ್ತಾಳೆಂಬುದನ್ನು ನಂಬಲಾರದೆ ಅವನು ಪಡುವ ಸಡಗರವನ್ನು ನೋಡಬೇಕು. ವಿಷ ಬೆರೆಸಿದ ಪಾನೀಯ ಅವನ ಹೊಟ್ಟೆ ಸೇರಿದಾಗ ನನಗೆ ಕೊಲೆಗಾತಿಯ ನ್ಯಾಯವೂ ಬೇಡವೆನಿಸಿತು. ನನ್ನ ಮೂರು ಮಾತಿನ ಆಳಿನ ಪಾತ್ರ ನೆನಪಿಗೆ ಬಂದದ್ದು ಆಗಲೇ. ಆ ಆಳು ಯಾರ ಮಗ, ಎಷ್ಟು ದಿನದಿಂದ ಆ ಮನೆಯಲ್ಲಿದ್ದಾನೆ, ಒಡೆಯನ ಕಡೆ ನೋಡುವಾಗ ಅವನ ಮನಸ್ಸಿನಲ್ಲೇನಿದೆ ಎಂಬ ಯಾವುದನ್ನೂ ನಾನು ಯೋಚಿಸಿರಲಿಲ್ಲ. ತಟ್ಟೆ ಹಿಡಿದು ಬಂದೆ, ಮಾತು ಒಪ್ಪಿಸಿದೆ, ಹೋದೆ.

ಮರುವರ್ಷ ಬಂತು ಕ್ಲೋಡ್ ಶಾಬ್ರೋಲರ 'ಪರಪುರುಷನ ಸಂಗದ ಹೆಂಡತಿ' ಎಂದು ನಾವು ಕನ್ನಡಿಸಬಹುದಾದ ಚಿತ್ರ. ಇದೇ ಕಥೆಯನ್ನು ಹಾಲಿವುಡ್ಡಿನವರು 2002ರಲ್ಲಿ 'ಅನ್‌ಫೇತ್‌ಫುಲ್' ಎಂದು ಮಾಡಿದರು. ಅದನ್ನು ಅನುಸರಿಸಿ 2004ರಲ್ಲಿ 'ಮರ್ಡರ್' ಎಂಬ ಹಿಂದೀ ಚಿತ್ರ ಬಂದು ನಮ್ಮ ಊರುಗಳ ಟಾಕೀಸುಗಳಲ್ಲಿಯೂ ಓಡಿತು. ಆ ಚಿತ್ರದ ಹಾಡುಗಳನ್ನು ಬಲ್ಲ ನಮ್ಮ ಅಣ್ಣಂದಿರಿಗೆ ಅದರ ಮುತ್ತಾತ ಫ್ರಾನ್ಸಿನಲ್ಲಿದ್ದನೆಂಬುದು ತಿಳಿದಿರಲಾರದು. ಮೂಲದಲ್ಲಿ ಹಾಡಿಲ್ಲ, ಅಬ್ಬರವಿಲ್ಲ. ಶಾರ್ಲ್ ಎಂಬ ವಿಮಾ ವ್ಯವಹಾರದ ಗೃಹಸ್ಥ. ಒಳ್ಳೆಯ ಮನೆ, ಹೆಂಡತಿ, ಒಬ್ಬ ಮಗ. ಹೆಂಡತಿಗೆ ಪ್ರಿಯಕರನಿದ್ದಾನೆಂದು ಪತ್ತೇದಾರನಿಂದ ತಿಳಿದು ಒಂದು ದಿನ ಅವನ ಮನೆಗೇ ಹೋಗುತ್ತಾನೆ. ಜಗಳವಿಲ್ಲ. ತಾನು ಅವಳ ಗಂಡನೆಂದು ಹೇಳಿ, ಇದೆಲ್ಲ ತನಗೆ ಒಪ್ಪಿಗೆಯೇ ಎಂಬಂತೆ ನಗುತ್ತಾ ಮಾತಾಡುತ್ತಾನೆ. ಇಬ್ಬರೂ ಕುಡಿಯುತ್ತಾರೆ. ಮನೆ ತೋರಿಸೆಂದು ಕೇಳುತ್ತಾನೆ. ಮಲಗುವ ಕೋಣೆಯಲ್ಲಿ ಒಂದು ದೊಡ್ಡ ಸಿಗರೇಟು ಲೈಟರ್ ಕಣ್ಣಿಗೆ ಬೀಳುತ್ತದೆ. ಮದುವೆಯ ವಾರ್ಷಿಕಕ್ಕೆ ತಾನು ಹೆಂಡತಿಗೆ ಕೊಟ್ಟದ್ದು ಅದು.

ಇಲ್ಲಿ ಬುಕೆಯವರ ಮುಖದಲ್ಲಿ ನಡೆಯುವುದನ್ನು ನಾನು ಐದಾರು ಬಾರಿ ಹಿಂದಕ್ಕೆ ತಿರುಗಿಸಿ ನೋಡಿದ್ದೇನೆ. ಹುಬ್ಬು ಗಂಟಿಕ್ಕುವುದಿಲ್ಲ, ಹಲ್ಲು ಕಡಿಯುವುದಿಲ್ಲ. ಮುಖದಿಂದ ರಕ್ತ ಇಳಿದುಹೋದಂತಾಗುತ್ತದೆ. ಎದುರಿನವನೇ ಕನಿಕರದಿಂದ, ನಿಮಗೆ ಮೈಸರಿಯಿಲ್ಲವೇ ಎಂದು ವಿಚಾರಿಸುವಷ್ಟು. ಮರುಕ್ಷಣದಲ್ಲಿ ಕೈಗೆ ಸಿಕ್ಕ ಶಿಲಾಮೂರ್ತಿಯಿಂದ ಹೊಡೆತ. ಅನಂತರ ನೆಲ ಒರೆಸುವುದು, ಲೋಟ ತೊಳೆಯುವುದು, ಹೆಣವನ್ನು ಸುತ್ತಿ ಕಾರಿಗೆ ಸಾಗಿಸಿ ಕೊಳದಲ್ಲಿ ಮುಳುಗಿಸುವುದು, ಎಲ್ಲವೂ ಮನೆಯೊಕ್ಕಲಿನ ಕೆಲಸದಷ್ಟೇ ಅಚ್ಚುಕಟ್ಟು. ಹೆಂಡತಿಗೆ ಸತ್ಯ ತಿಳಿಯುತ್ತದೆ, ಗಂಡನಿಗೂ ಅದು ತಿಳಿಯುತ್ತದೆ, ಇಬ್ಬರೂ ಆಡುವುದಿಲ್ಲ. ವಿಚಿತ್ರವೆಂದರೆ ಅವರಿಬ್ಬರ ದಾಂಪತ್ಯದಲ್ಲಿ ಪ್ರೀತಿ ಮರಳಿ ಚಿಗುರುವುದು ಈ ಕೊಲೆಯಾದ ಮೇಲೆ.

ಒಬ್ಬ ಕೊಲೆಗಾರನನ್ನು ಇಷ್ಟು ಸಭ್ಯನಾಗಿ ತೋರಿಸುವುದು ಸರಿಯೇ? ಈ ಪ್ರಶ್ನೆಯನ್ನು ನಮ್ಮ ಅಧ್ಯಾಪಕರೊಬ್ಬರ ಮುಂದಿಟ್ಟೆ. ಕಲೆ ಮನುಷ್ಯನನ್ನು ಎತ್ತಬೇಕು, ಪಾಪಕ್ಕೆ ನೆಪ ಒದಗಿಸಬಾರದು ಎಂದರು ಅವರು. ಗುರುಗಳ ಮಾತನ್ನು ಅಲ್ಲಗಳೆಯುವ ಯೋಗ್ಯತೆ ನನಗಿಲ್ಲ. ಆದರೂ ನನ್ನ ಅಲ್ಪಮತಿಗೆ ತೋರಿದ್ದನ್ನು ಹೇಳಿಬಿಡುತ್ತೇನೆ. ಕೋರೆಹಲ್ಲಿನ ದುಷ್ಟನನ್ನು ನೋಡಿ ಮನೆಗೆ ಬಂದವನು ನಿಶ್ಚಿಂತೆಯಿಂದ ಮಲಗುತ್ತಾನೆ. ಅವನು ತಾನಲ್ಲವೆಂದು ಅವನಿಗೆ ಗೊತ್ತು. ಬುಕೆಯವರ ಶಾರ್ಲ್‌ನನ್ನು ನೋಡಿ ಬಂದವನಿಗೆ ಆ ನಿಶ್ಚಿಂತೆ ಸಿಗುವುದಿಲ್ಲ. ಅವನು ನಮ್ಮ ಬೀದಿಯವನು, ನಮಸ್ಕಾರ ಹೇಳುವವನು, ಮಗನ ಪಾಠ ವಿಚಾರಿಸುವವನು. ನೆಪ ಒದಗಿಸುವುದಕ್ಕೂ ಹೀಗೆ ಹತ್ತಿರ ತಂದು ನಿಲ್ಲಿಸುವುದಕ್ಕೂ ವ್ಯತ್ಯಾಸವಿದೆಯೆಂದು ನಾನು ತಿಳಿದಿದ್ದೇನೆ.

ಇದರಿಂದ ಮುಂದೆ ಚಿತ್ರರಂಗ ಅವರನ್ನು ಅಧಿಕಾರದ ಕುರ್ಚಿಯಲ್ಲಿಯೇ ಕೂರಿಸತೊಡಗಿತು. 1970ರ 'ಅಂ ಕೊಂದೆ' ಚಿತ್ರದಲ್ಲಿ ಗೆಳೆಯನ ಕೊಲೆಗೆ ಸೇಡು ತೀರಿಸಲು ಕಾನೂನನ್ನು ಮೆಟ್ಟಿ ನಡೆಯುವ ಪೊಲೀಸ್ ಅಧಿಕಾರಿ. ಆಗಿನ ಒಳಾಡಳಿತ ಮಂತ್ರಿಗಳು ಆ ಚಿತ್ರದ ಮೇಲೆ ಕೆಂಗಣ್ಣು ಬೀರಿದ್ದರಿಂದ ಬಿಡುಗಡೆಯೇ ತಡವಾಯಿತು. 1973ರ 'ಪಟ್ಟಣದಲ್ಲಿ ಇಬ್ಬರು' ಚಿತ್ರದಲ್ಲಿ ಜೈಲಿನಿಂದ ಬಿಡುಗಡೆಯಾಗಿ ನೆಟ್ಟಗೆ ಬದುಕಲು ಹವಣಿಸುವ ತರುಣನನ್ನು (ಅಲೆನ್ ದೆಲೊಂ) ನೆರಳಿನಂತೆ ಕಾಡುವ ಇನ್‌ಸ್ಪೆಕ್ಟರ್. ಕಾಡಿ ಕಾಡಿ ಅವನಿಂದಲೇ ಹತನಾಗುತ್ತಾನೆ. ತರುಣನು ಗಿಲೊಟಿನ್ನಿಗೆ ತಲೆ ಕೊಡುತ್ತಾನೆ. ಆ ಇನ್‌ಸ್ಪೆಕ್ಟರನಲ್ಲಿ ಲಂಚವಿಲ್ಲ, ಸ್ವಾರ್ಥವಿಲ್ಲ. ಒಮ್ಮೆ ತಪ್ಪು ಮಾಡಿದವನು ಮತ್ತೆ ಮಾಡಿಯೇ ಮಾಡುತ್ತಾನೆಂಬ ಅಚಲ ನಂಬಿಕೆಯೊಂದೇ. 1982ರಲ್ಲಿ ರೋಬೆರ್ ಹೊಸೇನ್ ನಿರ್ದೇಶಿಸಿದ 'ನೊಂದ ಜೀವಿಗಳು' ಚಿತ್ರದಲ್ಲಿ ಝವೇರ್ ಆಗಲು ಅವರಿಗಿಂತ ತಕ್ಕವರು ಯಾರಿದ್ದರು? ವಿಕ್ಟರ್ ಹ್ಯೂಗೋನ ಕಾದಂಬರಿಯನ್ನು ಓದಿದವರಿಗೆಲ್ಲ ಝವೇರ್ ಗೊತ್ತು. ಈ ಚಿತ್ರದ ದೀರ್ಘ ರೂಪವು ಕಂತುಗಳಾಗಿ ದೂರದರ್ಶನದಲ್ಲಿಯೂ ಪ್ರಸಾರವಾಗಿ, ನಾಟಕಶಾಲೆಯ ಮೆಟ್ಟಿಲು ಹತ್ತದ ಸಂಸಾರಗಳಿಗೂ ಅವರ ಮುಖ ಪರಿಚಯವಾಯಿತು.

1976ರ 'ಆಟಿಕೆ' ಎಂಬ ಹಾಸ್ಯಚಿತ್ರವನ್ನು ಸಹಪಾಠಿಗಳು ಹುಡುಕಿ ನೋಡಬೇಕೆಂದು ನನ್ನ ಬಿನ್ನಹ. ಕೋಟ್ಯಧೀಶನೊಬ್ಬನ ಮಗನು ಆಟಿಕೆಗಳ ಅಂಗಡಿಯಲ್ಲಿ ಕಂಡ ಬಡ ಪತ್ರಕರ್ತನನ್ನೇ ಆಟಿಕೆಯಾಗಿ ಬೇಕೆಂದು ಹಟಹಿಡಿಯುತ್ತಾನೆ. ಅವನನ್ನು ಪೆಟ್ಟಿಗೆಯಲ್ಲಿಟ್ಟು ಮನೆಗೆ ತಲುಪಿಸುತ್ತಾರೆ! ತಂದೆಯಾದ ಕೋಟ್ಯಧೀಶ ಬುಕೆ. ಒಂದು ದೃಶ್ಯದಲ್ಲಿ ಆತನು ತನ್ನ ಪತ್ರಿಕೆಯ ಹಿರಿಯ ಅಧಿಕಾರಿಯನ್ನು ಕರೆದು ಬಟ್ಟೆ ಬಿಚ್ಚಿ ಕಚೇರಿಯಲ್ಲಿ ನಡೆದುಬರಲು ಆಜ್ಞಾಪಿಸುತ್ತಾನೆ. ಪಾಪ, ಅವನು ಬಿಚ್ಚಲು ತೊಡಗುತ್ತಾನೆ. ಇಬ್ಬರಲ್ಲಿ ಯಾರು ರಾಕ್ಷಸರು, ಹೇಳಿದ ನಾನೋ ಕೇಳಿದ ನೀನೋ ಎಂಬರ್ಥದ ಮಾತನ್ನು ಆಗ ಧಣಿ ಆಡುತ್ತಾನೆ. ಈ ಮಾತನ್ನು ಬುಕೆ ಕೂಗಿ ಹೇಳುವುದಿಲ್ಲ. ನಿಜಕ್ಕೂ ತಿಳಿಯಬಯಸಿದವನಂತೆ ಕೇಳುತ್ತಾರೆ. ನೌಕರಿ ಹುಡುಕಲು ಹೊರಟಿರುವ ನಮ್ಮಂಥವರ ಎದೆಗೆ ಆ ಪ್ರಶ್ನೆ ನೇರವಾಗಿ ಬಡಿಯುತ್ತದೆ.

ಈ ನಡುವೆ 1977ರಿಂದ ಸುಮಾರು ಹತ್ತು ವರ್ಷ, ತಾವು ಕಲಿತ ಕನ್ಸರ್ವತ್ವಾರ್ ವಿದ್ಯಾಲಯದಲ್ಲಿಯೇ ಅಧ್ಯಾಪಕರಾದರು. ಅವರ ಪಾಠದ ಸಾರ ಮೂಲಪಠ್ಯವನ್ನು ಮತ್ತೆ ಮತ್ತೆ ಓದುವುದು. ನಾಟಕಕಾರನೇ ಮೊದಲು, ನಟ ಅವನ ಸೇವಕ ಎಂಬುದು ಅವರ ಕೊನೆಯವರೆಗಿನ ನಂಬಿಕೆ. ತಾವೂ ಒಂದು ಪಾತ್ರವನ್ನು ತಿಂಗಳುಗಟ್ಟಲೆ ಮೊದಲೇ ಓದಲು ತೊಡಗಿ, ನೂರಾರು ಬಾರಿ ಆಡಿದ ಮೇಲೂ ಓದುತ್ತಲೇ ಇರುತ್ತಿದ್ದರು. ಪರೀಕ್ಷೆಯ ಹಿಂದಿನ ರಾತ್ರಿ ಪುಸ್ತಕ ತೆರೆಯುವ ನಮ್ಮ ಪದ್ಧತಿಯನ್ನು ಇಲ್ಲಿ ಜ್ಞಾಪಿಸಿದರೆ ಸಹಪಾಠಿಗಳು ಮುನಿಯಬಾರದು.

ಮೋಲಿಯೇರನ 'ಕಾಲ್ಪನಿಕ ರೋಗಿ' ನಾಟಕವೇ ಇದಕ್ಕೆ ನಿದರ್ಶನ. ಇಲ್ಲದ ರೋಗಗಳನ್ನು ಎಣಿಸುತ್ತ ಕೂರುವ ಆರ್ಗಾನನ ಪಾತ್ರವದು. 1673ರಲ್ಲಿ ಮೋಲಿಯೇರ್ ತಾನೇ ಅದನ್ನು ಆಡುತ್ತಿದ್ದು, ನಾಲ್ಕನೆಯ ಪ್ರದರ್ಶನದ ರಾತ್ರಿ ನಿಜವಾಗಿಯೇ ಪ್ರಾಣಬಿಟ್ಟನು. ಬುಕೆ ಈ ಪಾತ್ರವನ್ನು 1971ರಲ್ಲಿ ದೂರದರ್ಶನಕ್ಕಾಗಿ, 1987ರಲ್ಲಿ ರಂಗದ ಮೇಲೆ, ಮತ್ತೆ 2008ರಲ್ಲಿ ಎಂಬತ್ತು ದಾಟಿದ ಮೇಲೆ ರಂಗದಲ್ಲಿ ಆಡಿದರು. ನಡುವಯಸ್ಸಿನವನ ಕಾಲ್ಪನಿಕ ರೋಗಕ್ಕೂ ಎಂಬತ್ತೆರಡರವನ ಕಾಲ್ಪನಿಕ ರೋಗಕ್ಕೂ ನಡುವೆ ಎಷ್ಟೊಂದು ಅಂತರ!

ಪ್ರಶಸ್ತಿಗಳು ಬಂದದ್ದು ಬಹಳ ತಡವಾಗಿ. ಬೆಲ್ಜಿಯಮಿನ ಚಿತ್ರ 'ವೀರ ತೋತೊ'ದಲ್ಲಿ, ಹುಟ್ಟಿದಾಗ ಆಸ್ಪತ್ರೆಯಲ್ಲಿ ತಾನು ಅದಲುಬದಲಾದೆನೆಂದು ಜೀವಮಾನವೆಲ್ಲ ನಂಬಿ ಕೊರಗಿದ ಮುದುಕನ ಪಾತ್ರಕ್ಕೆ 1991ರಲ್ಲಿ ಯುರೋಪಿನ ಶ್ರೇಷ್ಠನಟ ಪ್ರಶಸ್ತಿ. ಫ್ರಾನ್ಸಿನ ಚಿತ್ರರಂಗದ ದೊಡ್ಡ ಗೌರವವಾದ 'ಸೆಝಾರ್' ಮೊದಲು ದೊರೆತದ್ದು 2002ರಲ್ಲಿ, ಎಪ್ಪತ್ತಾರರಲ್ಲಿ. ಎರಡನೆಯದು 2006ರಲ್ಲಿ, 'ಶಾಂ ದ ಮಾರ್ಸ್‌ನಲ್ಲಿ ಅಡ್ಡಾಡುವವ' ಚಿತ್ರಕ್ಕೆ. 1981ರಿಂದ 1995ರವರೆಗೆ ಫ್ರಾನ್ಸಿನ ಅಧ್ಯಕ್ಷರಾಗಿದ್ದ ಫ್ರಾನ್ಸ್ವಾ ಮಿತ್ತೆರಾಂ ಕ್ಯಾನ್ಸರಿನಿಂದ ಸಾಯುವ ಹೊತ್ತಿನ ಕಥೆ ಅದು. ಮುಖಕ್ಕೆ ಮುಖವಾಡ ಮೆತ್ತದೆ, ದನಿಯನ್ನು ಅಣಕಿಸದೆ, ಬುಕೆ ಅಧ್ಯಕ್ಷರಾದರು. ಅಧಿಕಾರ ಕೈಜಾರುವುದನ್ನೂ ಪ್ರಾಣ ಕೈಜಾರುವುದನ್ನೂ ಒಂದೇ ಕಣ್ಣಿನಿಂದ ನೋಡುವ ಮುದುಕ. ಮರಣದಂಡನೆಯನ್ನು ಫ್ರಾನ್ಸಿನಲ್ಲಿ ರದ್ದುಪಡಿಸಿದ್ದು ಈ ಮಿತ್ತೆರಾಂ ಸರ್ಕಾರವೇ, 1981ರಲ್ಲಿ. ಗಿಲೊಟಿನ್ನಿಗೆ ಒಬ್ಬನನ್ನು ಅಟ್ಟಿದ ಇನ್‌ಸ್ಪೆಕ್ಟರನ ಮುಖವೂ ಗಿಲೊಟಿನ್ನನ್ನು ತೆಗೆದುಹಾಕಿದ ಅಧ್ಯಕ್ಷರ ಮುಖವೂ ತೆರೆಯ ಮೇಲೆ ಒಂದೇ ಮುಖವಾದದ್ದು ನನಗೆ ಸೋಜಿಗವೆನಿಸುತ್ತದೆ.

2012ರ 'ರೆನ್ವಾರ್' ಚಿತ್ರದಲ್ಲಿ ಕೀಲುನೋವಿನಿಂದ ಬೆರಳು ಸೊಟ್ಟಗಾದ ಮುದಿ ಚಿತ್ರಕಾರರಾಗಿ ಅವರು ಕಾಣಿಸಿಕೊಂಡರು. ಆ ಚಿತ್ರದಲ್ಲಿನ ವರ್ಣಚಿತ್ರಗಳನ್ನು ಬರೆದವನು, ದೊಡ್ಡವರ ಚಿತ್ರಗಳನ್ನು ನಕಲುಮಾಡಿ ಮಾರಿ ಶಿಕ್ಷೆ ಅನುಭವಿಸಿದ್ದ ಗಿ ರೀಬ್ ಎಂಬ ಕುಶಲಿ. ಇದು ಲೇಖನಕ್ಕೆ ಅವಶ್ಯವಲ್ಲ, ಬಿಡಲು ಮನಸ್ಸಾಗಲಿಲ್ಲ.

ಇವೆಲ್ಲಕ್ಕಿಂತ ಹೆಚ್ಚಾಗಿ ಅವರ ಹೆಸರಿನೊಂದಿಗೆ ಅಂಟಿಕೊಂಡದ್ದು ಅಯೊನೆಸ್ಕೊ ಬರೆದ 'ರಾಜ ಸಾಯುತ್ತಿದ್ದಾನೆ' ನಾಟಕ. ರಾಜ ಬೆರಾಂಜೆಗೆ ಮೊದಲಲ್ಲಿಯೇ ತಿಳಿಸುತ್ತಾರೆ, ಇನ್ನು ಒಂದೂವರೆ ಗಂಟೆಯಲ್ಲಿ ನೀನು ಸಾಯುವೆ, ಈ ನಾಟಕ ಮುಗಿಯುವಷ್ಟರಲ್ಲಿ ಎಂದು. ಅವನು ನಂಬುವುದಿಲ್ಲ, ಗದರುತ್ತಾನೆ, ಬೇಡುತ್ತಾನೆ, ಮಗುವಿನಂತೆ ಅಳುತ್ತಾನೆ, ಕಡೆಗೆ ಒಪ್ಪುತ್ತಾನೆ. 1994ರಿಂದ ಆರಂಭಿಸಿ ಬುಕೆ ಈ ಪಾತ್ರವನ್ನು ನೂರಾರು ಬಾರಿ ಆಡಿದರು. 2005ರಲ್ಲಿ ಅದಕ್ಕೆ 'ಮೋಲಿಯೇರ್' ಪ್ರಶಸ್ತಿ ಬಂತು. ರಾಜನನ್ನು ಕೈಹಿಡಿದು ಸಾವಿನ ಹೊಸ್ತಿಲವರೆಗೆ ನಡೆಸುವ ಹಿರಿಯ ರಾಣಿಯ ಪಾತ್ರದಲ್ಲಿ ಅವರ ಪತ್ನಿ ಜ್ಯೂಲಿಯೆತ್ ಕಾರ್ರೆ ಇದ್ದರು. ಆ ಪ್ರಯೋಗ ನಡೆದದ್ದು ಎಬೆರ್ತೊ ನಾಟಕಶಾಲೆಯಲ್ಲಿ. ಹತ್ತೊಂಬತ್ತು ವರ್ಷದ ಹುಡುಗನಾಗಿ ಹುಚ್ಚು ಚಕ್ರವರ್ತಿಯ ಎದುರಿಗೆ ನಿಂತಿದ್ದ ರಂಗಸ್ಥಳದ ಮೇಲೆಯೇ, ಅರವತ್ತು ವರ್ಷ ಕಳೆದು, ಅವರು ಕಿರೀಟವಿಟ್ಟುಕೊಂಡು ರಾತ್ರಿ ರಾತ್ರಿಯೂ ಸಾಯುತ್ತಿದ್ದರು.

ಇನ್ನು ಆಡುವುದಿಲ್ಲವೆಂದು ಅವರು ಒಮ್ಮೆ ಹೇಳಿದ್ದುಂಟು. ಆದರೆ 2017ರಲ್ಲಿ, ತೊಂಬತ್ತೊಂದನೆಯ ವಯಸ್ಸಿನಲ್ಲಿ, ಪೋರ್ತ್ ಸೇಂ ಮಾರ್ತಾಂ ನಾಟಕಶಾಲೆಯಲ್ಲಿ ಮೋಲಿಯೇರನ 'ತಾರ್ತ್ಯೂಫ್' ನಾಟಕದ ಓರ್ಗಾನ್ ಆಗಿ ಮತ್ತೆ ಬಂದರು. ಕಪಟ ಭಕ್ತನನ್ನು ನಂಬಿ ಮನೆ ಮಾರುಗಳನ್ನು ಅವನಿಗೆ ಒಪ್ಪಿಸಿಬಿಡುವ ಯಜಮಾನ ಈತ; ತನ್ನ ಹೆಂಡತಿಯೊಡನೆ ಆ ಭಕ್ತನು ಏನು ಮಾತಾಡುವನೆಂದು ಕೇಳಲು ಮೇಜಿನ ಕೆಳಗೆ ಅಡಗಿ ಕೂರಬೇಕಾದವನು. ಅಪ್ಪನಿಗೆ ಇದನ್ನೂ ಹೇಳಿದೆ. "ತೊಂಬತ್ತೊಂದಕ್ಕೆ ಕೆಲಸಕ್ಕೆ ಬಂದನೇ?" ಎಂದು ಕೇಳಿ, ಗಡಿಯಾರಕ್ಕೆ ಎರಡು ಗಂಟೆಯ ಅಲಾರಂ ಇಟ್ಟು ಮಗ್ಗುಲಾದರು.